ಗುರುವಾರ ಹೆಣ್ಣಿನ ಕಡೆ, ಸೋಮವಾರ ಗಂಡಿನ ಕಡೆ: ನಮ್ಮ ಎರಡು ಮದುವೆಗೆ ಅಡುಗೆ ಮಾಡಿದವರ ಬಗ್ಗೆ

ಮೊದಲೇ ಹೇಳಿಬಿಡುತ್ತೇನೆ, ಇದರಲ್ಲಿ ಅಡುಗೆಯವರ ಹೆಸರಿಲ್ಲ. ಹಾಕಲಾ ಅಂತ ಅವರನ್ನೇ ಕೇಳಿದ್ದೆ. "ಬೇಡ ಕಣವ್ವ. ಹೊಗಳಿದ್ರೆ ಫೋನು ಜಾಸ್ತಿ ಬರುತ್ತೆ, ಬೈದ್ರೆ ಬರೋದೇ ನಿಲ್ಲುತ್ತೆ. ನಂಗೆ ಈಗ ಬರ್ತಿರೋದೇ ಸಾಕು" ಅಂದರು. ಆದ್ದರಿಂದ ಇಲ್ಲಿ ಅವರು ಬರೀ ಯಜಮಾನರು. ಅವರ ಹುಡುಗರೆಲ್ಲ ಕರೆಯುವುದೂ ಹಾಗೆಯೇ. ಛತ್ರದ ಹೆಸರನ್ನೂ ಹಾಕುವುದಿಲ್ಲ. ಅದಕ್ಕೆ ಕಾರಣ ಬೇರೆ, ಆ ಮಾತು ಬಂದಾಗ ಗೊತ್ತಾಗುತ್ತೆ.

ಊರು ನಂಜನಗೂಡು. ಫೆಬ್ರವರಿ ತಿಂಗಳು. ಗುರುವಾರ ನನ್ನ ಮದುವೆ, ಸೋಮವಾರ ಅಣ್ಣನ ಮದುವೆ. ಒಂದೇ ಛತ್ರ, ಒಂದೇ ಅಡುಗೆ ತಂಡ. ಗುರುವಾರ ನಾವು ಹೆಣ್ಣಿನ ಕಡೆಯವರು. ಸೋಮವಾರ ಅದೇ ನಾವು ಗಂಡಿನ ಕಡೆಯವರು. ಮಧ್ಯದಲ್ಲಿ ಮೂರು ದಿನ. ಆ ವಾರದ ನಮ್ಮ ಎರಡೂ ಮುಖ ನೋಡಿದವರು ಅಂದರೆ ಈ ಅಡುಗೆಯವರು ಮತ್ತು ವಾಲಗದವರು. ವಾಲಗದವರ ಬಗ್ಗೆ ಬರೆಯುವಷ್ಟು ನನಗೆ ಸಂಗೀತ ಗೊತ್ತಿಲ್ಲ.

ಐದಕ್ಕೆ ನಾಲ್ಕು ಕೊಡುತ್ತೇನೆ. ಒಂದು ಯಾಕೆ ಕಳೆದೆ ಅಂತ ಹೇಳುತ್ತೇನೆ, ಸ್ವಲ್ಪ ತಾಳ್ಮೆ ಇರಲಿ.

ಇಷ್ಟು ಹತ್ತಿರ ಹತ್ತಿರ ಎರಡು ಮದುವೆ ಯಾಕೆ ಅಂತ ಎಲ್ಲರೂ ಕೇಳಿದರು. ಅಣ್ಣ ನನಗಿಂತ ನಾಲ್ಕು ವರ್ಷ ದೊಡ್ಡವನು. ಧಾರವಾಡದ ಹುಡುಗಿಯನ್ನು ಮೆಚ್ಚಿಕೊಂಡಿದ್ದ. ಎರಡೂ ಮನೆಯಲ್ಲಿ ಒಪ್ಪಿಗೆ ಸಿಕ್ಕಿ ಮೂರು ವರ್ಷವಾಗಿತ್ತು. ಆದರೂ "ತಂಗಿದು ಆಗ್ಲಿ, ಆಮೇಲೆ ನಂದು" ಅಂತ ಕಾಯುತ್ತಿದ್ದ. ನನಗೋ ಯಾವ ಸಂಬಂಧವೂ ಕೂಡಿ ಬರುತ್ತಿರಲಿಲ್ಲ. ಹಬ್ಬಕ್ಕೆ ಅಂತ ಮನೆಗೆ ಬಂದಾಗಲೆಲ್ಲ ಅವನ ಮುಖ ನೋಡೋಕೆ ಸಂಕಟ. ಕೊನೆಗೆ ದೀಪಾವಳಿ ಹೊತ್ತಿಗೆ ಮಂಡ್ಯದ ಕಡೆಯಿಂದ ನನ್ನ ಸಂಬಂಧ ಬಂತು, ಹದಿನೈದು ದಿನದಲ್ಲಿ ಮಾತುಕತೆ ಮುಗಿಯಿತು. ಅಷ್ಟರಲ್ಲಿ ಧಾರವಾಡದ ಅಜ್ಜಿಗೆ ಹುಷಾರು ತಪ್ಪಿತು. ಮೊಮ್ಮಗಳ ಮದುವೆ ಬೇಗ ನೋಡಬೇಕು ಅಂತ ಅವರ ಆಸೆ.

ಒಡಹುಟ್ಟಿದವರ ಮದುವೆ ಆರು ತಿಂಗಳ ಒಳಗೆ ಎರಡು ಮಾಡಬಾರದು ಅಂತ ನಮ್ಮಜ್ಜಿ ಶುರು ಮಾಡಿದರು. ಪಂಚಾಂಗ ನೋಡುವ ಅಯ್ನೋರನ್ನು ಕರೆಸಿದೆವು. ಅವರು ಕಾಫಿ ಕುಡಿದು ಒಂದೇ ಮಾತಿನಲ್ಲಿ ಮುಗಿಸಿದರು: "ಮಗಳನ್ನ ಕಳಿಸಿ ಸೊಸೇನ ತರಬಹುದು. ಸೊಸೇನ ತಂದ ಮೇಲೆ ಆರು ತಿಂಗಳು ಮಗಳನ್ನ ಕಳಿಸಬಾರದು." ಅಂದರೆ ನನ್ನದು ಮೊದಲು, ಅವನದು ಆಮೇಲೆ. ದಿನದ ಲೆಕ್ಕ ಅಡ್ಡಿಯಿಲ್ಲ. ಅಜ್ಜಿ ಸುಮ್ಮನಾದರು. ಮನೆ ಮುಂದೆ ಹಾಕಿದ ಚಪ್ಪರ ಹಾಗೇ ಬಿಟ್ಟೆವು, ಸೋಮವಾರಕ್ಕೆ ಮಾವಿನ ತೋರಣ ಮಾತ್ರ ಹೊಸದು.

ಮದುವೆ ಹೆಣ್ಣಿನ ಕಡೆಯವರು ಮಾಡಿಕೊಡುವುದಲ್ವಾ, ಸೋಮವಾರದ್ದೂ ನಂಜನಗೂಡಲ್ಲಿ ಹೇಗೆ ಅಂತ ಕೇಳಬಹುದು. ಅತ್ತಿಗೆ ಮನೆಯವರಲ್ಲಿ ಗಂಡಿನ ಊರಲ್ಲೇ ಮದುವೆ ಮಾಡುವ ರೂಢಿ. ಖರ್ಚು ಎರಡೂ ಮನೆಯವರು ಹಂಚಿಕೊಂಡೆವು. ಅಪ್ಪನಿಗೆ ಅದು ದೊಡ್ಡ ಆಶ್ಚರ್ಯ. ಮಗಳ ಮದುವೆಗೂ ಛತ್ರ ಹಿಡಿದು ಮಗನ ಮದುವೆಗೂ ಛತ್ರ ಹಿಡಿದವನು ನಾನೊಬ್ಬನೇ ಇರಬೇಕು ಅಂತ ಎಲ್ಲರ ಹತ್ತಿರ ಹೇಳಿಕೊಂಡು ಓಡಾಡಿದರು. ಬೇಜಾರಿಗೋ ಹೆಮ್ಮೆಗೋ ಗೊತ್ತಾಗಲಿಲ್ಲ.

ಈಗ ಅಡುಗೆಯವರ ವಿಷಯ.

ನಮ್ಮ ಕಡೆ ಮದುವೆ ಅಡುಗೆ ಎರಡು ರೀತಿಯಲ್ಲಿ ಒಪ್ಪಿಸುತ್ತಾರೆ. ಒಂದು, ಕೂಲಿ ಲೆಕ್ಕ. ಅಡುಗೆಯವರು ಸಾಮಾನಿನ ಚೀಟಿ ಬರೆದುಕೊಡುತ್ತಾರೆ. ದಿನಸಿ, ತರಕಾರಿ, ಹಾಲು, ಎಲೆ ಎಲ್ಲ ನಾವೇ ತರಬೇಕು. ಅವರು ಬಂದು ಮಾಡಿ ಬಡಿಸಿ ಹೋಗುತ್ತಾರೆ. ಇನ್ನೊಂದು, ಎಲೆ ಲೆಕ್ಕ. ಸಾಮಾನೂ ಅವರದೇ, ಜನವೂ ಅವರದೇ. ಒಂದು ಎಲೆಗೆ ಇಷ್ಟು ಅಂತ. ಅಪ್ಪ ಹಳೇ ಕಾಲದವರು, ಕೂಲಿ ಲೆಕ್ಕವೇ ಸರಿ ಅಂದರು. ತುಪ್ಪ ನಾವೇ ತಂದರೆ ತುಪ್ಪ ಅಂತ ನಂಬಬಹುದು ಅಂತ ಅವರ ವಾದ. ಆದರೆ ಕೂಲಿ ಲೆಕ್ಕದಲ್ಲಿ ಉಗ್ರಾಣಕ್ಕೆ ಮನೆಯವರೊಬ್ಬರು ನಿಲ್ಲಬೇಕು. ಬೀಗದ ಕೈ ಸೊಂಟಕ್ಕೆ ಸಿಕ್ಕಿಸಿಕೊಂಡು, ಅವರು ಸಕ್ಕರೆ ಕೇಳಿದಾಗ ಸಕ್ಕರೆ, ಗೋಡಂಬಿ ಕೇಳಿದಾಗ ಗೋಡಂಬಿ ತೂಗಿ ಕೊಡಬೇಕು. ನಮ್ಮ ಮನೆಯಲ್ಲಿ ಇದು ಯಾವಾಗಲೂ ಸೋದರಮಾವನ ಪಾಲು. ನನ್ನ ಚಿಕ್ಕಮ್ಮಂದಿರ ಮೂರು ಮದುವೆಯಲ್ಲೂ ಅವರು ಉಗ್ರಾಣದಲ್ಲೇ ಇದ್ದರು, ಒಂದು ಧಾರೆಯನ್ನೂ ನೋಡಲಿಲ್ಲ. "ಈ ಸಲ ನಾನು ಅಕ್ಷತೆ ಹಾಕ್ಬೇಕು" ಅಂತ ಮಾವ ಕಡ್ಡಿ ಮುರಿದಂತೆ ಹೇಳಿದರು. ಹಾಗಾಗಿ ಎಲೆ ಲೆಕ್ಕ. ಊಟಕ್ಕೆ 240 ರೂಪಾಯಿ, ಬೆಳಗಿನ ತಿಂಡಿಗೆ 110. ಬೆಂಗಳೂರಿನವರಿಗೆ ಇದು ಕಡಿಮೆ ಅನ್ನಿಸಬಹುದು, ಅಪ್ಪನಿಗೆ ಎದೆ ಹಿಡಿದುಕೊಳ್ಳುವಷ್ಟಿತ್ತು.

ಯಜಮಾನರು ಮನೆಗೆ ಬಂದು ಮೆನು ಬರೆದುಕೊಂಡ ದಿನವೇ ನನಗೆ ಅವರ ಮೇಲೆ ನಂಬಿಕೆ ಬಂತು. ಕಾರಣ ಚಿಕ್ಕದು. ಅಮ್ಮ ಹಿತಕಿದ ಅವರೆಬೇಳೆ ಸಾಗು ಬೇಕೇ ಬೇಕು ಅಂದರು. ಯಜಮಾನರು ಪೆನ್ನು ಕೆಳಗಿಟ್ಟರು. "ಫೆಬ್ರವರಿ ಮಧ್ಯಕ್ಕೆ ಸೊಗಡು ಎಲ್ಲಿರುತ್ತೆ ತಾಯಿ? ಕಾಯಿ ಸಿಗುತ್ತೆ, ಸೊಗಡು ಸಿಗಲ್ಲ. ದುಡ್ಡು ನೀವು ಕೊಡ್ತೀರಿ, ಹೆಸರು ನನ್ನದು ಕೆಡುತ್ತೆ" ಅಂದರು. ದುಬಾರಿ ಐಟಂ ಬೇಡ ಅನ್ನುವ ಕಾಂಟ್ರಾಕ್ಟರನ್ನು ನಾನು ನೋಡಿದ್ದು ಅದೇ ಮೊದಲು. ಅದರ ಬದಲಿಗೆ ಅನಾನಸ್ ಗೊಜ್ಜು ಬರೆದರು. ರಸಬಾಳೆಯ ವಿಷಯದಲ್ಲೂ ಹೀಗೇ. ತಾಂಬೂಲದ ಚೀಲಕ್ಕೆ ನಂಜನಗೂಡು ರಸಬಾಳೆ ಹಾಕಿಸಬೇಕು ಅಂತ ಅಪ್ಪನ ಆಸೆ. ನಮ್ಮೂರ ಹೆಸರಿನ ಹಣ್ಣು, ಜಿಐ (ಭೌಗೋಳಿಕ ಗುರುತು) ಮಾನ್ಯತೆ ಬೇರೆ ಇದೆ. ಆದರೆ ಸೊರಗು ರೋಗ ಬಿದ್ದು ತೋಟಗಳೇ ಹೋದವು. ಈಗ ದೇವರಸನಹಳ್ಳಿ ಕಡೆ ಹುಡುಕಿದರೆ ಗೊನೆ ಸಿಗಬಹುದು, ಸಾವಿರ ಹಣ್ಣು ಎಲ್ಲಿಂದ ತರೋಣ? "ದೇವರ ಮುಂದೆ ಇಡೋಕೆ ಒಂದು ಚಿಪ್ಪು ನಾನು ತಂದ್ಕೊಡ್ತೀನಿ, ಜನಕ್ಕೆ ಏಲಕ್ಕಿ ಬಾಳೆ ಹಾಕಿ" ಅಂದರು. ಮಾತಿನಂತೆ ಗುರುವಾರ ಬೆಳಿಗ್ಗೆ ಒಂದು ಚಿಪ್ಪು ತಂದಿದ್ದರು. ಅಜ್ಜಿ ಅದರಲ್ಲಿ ಒಂದನ್ನು ಸೆರಗಿಗೆ ಕಟ್ಟಿಕೊಂಡಿದ್ದು ನನಗೆ ಮಾತ್ರ ಗೊತ್ತು.

ಬುಧವಾರ ರಾತ್ರಿಯ ಆರತಕ್ಷತೆ ಊಟದ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಎಲ್ಲ ಕಡೆ ಇರುವಂಥದ್ದೇ. ಗೋಬಿ, ರುಮಾಲಿ ರೊಟ್ಟಿ, ಐಸ್‌ಕ್ರೀಮ್. ಮಂಡ್ಯದ ಬೀಗರು ಖುಷಿಯಾಗಿದ್ದರು, ಸಾಕು.

ಗುರುವಾರದ ಬೆಳಗಿನ ಕಾಫಿಗೆ ನಾನು ಕಳೆದ ಒಂದು ಅಂಕದಲ್ಲಿ ಅರ್ಧ ಹೋಯಿತು. ಐದು ಗಂಟೆಗೆ ಬಂದ ಕಾಫಿ ನೀರು. ಡಿಕಾಕ್ಷನ್ ಹಿಂದಿನ ರಾತ್ರಿಯೇ ಇಳಿಸಿಟ್ಟಿದ್ದರಂತೆ, ಅದನ್ನೇ ಹಿಗ್ಗಿಸಿದ್ದಾರೆ. ಎಣ್ಣೆ ಸ್ನಾನ ಮಾಡಿ ನಡುಗುತ್ತ ಕೂತ ಮದುಮಗಳಿಗೆ ಬೇಕಾಗಿದ್ದೇ ಒಂದು ಲೋಟ ಗಟ್ಟಿ ಕಾಫಿ. ಅಂದ ಹಾಗೆ ಆ ಸ್ನಾನದ ಕಥೆಯೂ ಕೇಳಿ. ಛತ್ರದ ಮೇಲಿನ ಮಹಡಿಯ ಮದುಮಗಳ ಕೋಣೆಯಲ್ಲಿ ತಲೆಗೆ ಸೀಗೆಪುಡಿ ಹಾಕಿಕೊಂಡ ಹೊತ್ತಿಗೆ ನಲ್ಲಿ ನಿಂತುಹೋಯಿತು. ಕೆಳಗೆ ಅಡುಗೆಮನೆಯಿಂದ ಎರಡು ಕೊಡ ಬಿಸಿನೀರು ಹೊತ್ತು ತಂದವರು ಯಜಮಾನರ ಹುಡುಗರು. ಛತ್ರದ ಮ್ಯಾನೇಜರು ಏಳೂವರೆಗೆ ಬಂದರು. ಹೆಸರು ಯಾಕೆ ಹಾಕುವುದಿಲ್ಲ ಅಂದೆನಲ್ಲ, ಇದಕ್ಕೇ. ಹಾಕಿದರೆ ನಾನು ಬರೀ ಅದನ್ನೇ ಬರೆದೇನು.

ತಿಂಡಿ ಚೆನ್ನಾಗಿತ್ತು ಅಂತ ಎಲ್ಲರೂ ಹೇಳಿದರು. ಖಾರ ಪೊಂಗಲ್ ಗಂಟಲಿಗೆ ಜಾರಿದರೆ ಸಾಕು ಅಂತ ನಾನು ಎರಡು ಚಮಚ ತಿಂದೆ.

ಮಧ್ಯಾಹ್ನದ ಊಟ ಮಾತ್ರ ಬೇರೆ ಮಟ್ಟದ್ದು. ಇದನ್ನು ನಾನು ಉಂಡು ಹೇಳುತ್ತಿಲ್ಲ, ನನ್ನ ಕಥೆ ಆಮೇಲೆ. ಉಂಡವರನ್ನು ಒಬ್ಬೊಬ್ಬರನ್ನೇ ಕೇಳಿ ಹೇಳುತ್ತಿದ್ದೇನೆ. ಹೆಸರುಬೇಳೆ ಕೋಸಂಬರಿಗೆ ಮಾವಿನಕಾಯಿ ತುರಿ ಬಿದ್ದಿತ್ತು. ಪುಳಿಯೋಗರೆ ಗೊಜ್ಜು ಮೂರು ದಿನ ಮುಂಚೆಯೇ ಮಾಡಿ ಇಟ್ಟಿದ್ದರಂತೆ, ಆಗಲೇ ಹುಳಿ ಹದವಾಗಿ ಇಳಿಯುವುದು. ಮಂಡ್ಯದ ಒಬ್ಬ ದೊಡ್ಡಪ್ಪ ಆಂಬೊಡೆಯನ್ನು ಜೇಬಿಗೆ ಹಾಕಿಕೊಂಡಿದ್ದು ವಿಡಿಯೊದಲ್ಲಿ ಬಂದಿದೆ. ಮೂರನೇ ಪಂಕ್ತಿಗೆ ಮಜ್ಜಿಗೆ ಹುಳಿ ಮುಗಿದಿತ್ತು, ಅದನ್ನೂ ಹೇಳಬೇಕು. ಗಸಗಸೆ ಪಾಯಸ ಎಷ್ಟು ಸರಿಯಾಗಿತ್ತು ಅಂದರೆ ಮೂರು ಗಂಟೆಗೆ ಛತ್ರದ ಹಾಲಿನಲ್ಲಿ ಅರ್ಧ ಜನ ಕುರ್ಚಿಯಲ್ಲೇ ತೂಕಡಿಸುತ್ತಿದ್ದರು.

ಒಬ್ಬಟ್ಟಿನ ಬಗ್ಗೆ ಸ್ವಲ್ಪ ವಿವರವಾಗಿ. ನಮ್ಮ ಕಡೆ ಹೂರಣಕ್ಕೆ ತೊಗರಿಬೇಳೆ. ಬುಧವಾರ ರಾತ್ರಿ ಹನ್ನೊಂದಕ್ಕೆ ಮೆಹಂದಿ ಕೈ ಎತ್ತಿಕೊಂಡು ನಾನು ಅಡುಗೆಮನೆ ಬಾಗಿಲಲ್ಲಿ ನಿಂತು ನೋಡಿದೆ, ನಿದ್ದೆ ಬರಲಿಲ್ಲ. ದೊಡ್ಡ ಕೊಪ್ಪರಿಗೆಯಲ್ಲಿ ಬೇಳೆ ಬೇಯುತ್ತಿತ್ತು. ಯಜಮಾನರು ಒಂದು ಬೇಳೆ ತೆಗೆದು ಹೆಬ್ಬೆರಳು ತೋರುಬೆರಳ ನಡುವೆ ಒತ್ತಿದರು. ಒತ್ತಿದರೆ ಮುರಿಯಬೇಕು, ಕರಗಬಾರದು. ಆಗ ಬಸಿಯಬೇಕು. ಬಸಿದ ಕಟ್ಟು ಬೇರೆ ಪಾತ್ರೆಗೆ ಹೋಯಿತು, ಅದು ಮರುದಿನದ ಒಬ್ಬಟ್ಟಿನ ಸಾರಿಗೆ. ಬೇಳೆಗೆ ಬೆಲ್ಲ ಬಿದ್ದು, ಕರಗಿ, ಗಟ್ಟಿಯಾಗುವವರೆಗೆ ಇಬ್ಬರು ಹುಡುಗರು ಸರದಿ ಮೇಲೆ ತಿರುವಿದರು. "ಇಲ್ಲಿ ಸೋಮಾರಿತನ ಮಾಡಿದ್ರೆ ನಾಳೆ ಕಾವಲಿ ಮೇಲೆ ಒಬ್ಬಟ್ಟು ಬಾಯ್ಬಿಡುತ್ತೆ" ಅಂದರು. ಕನಕ ಆಗಲೇ ಎಣ್ಣೆಯಲ್ಲಿ ಮುಳುಗಿ ಮಲಗಿತ್ತು. ಅದನ್ನು ಎಳೆದು ತೋರಿಸಿದರು, ರಬ್ಬರಿನಂತೆ ಒಂದು ಮೊಳ ಬಂತು. "ಹೋಗಿ ಮಲ್ಕೋ ಕಣವ್ವ, ನಾಳೆ ಮುಖ ಬಾಡಿದ್ರೆ ನನ್ನ ಅಡುಗೆನ ಯಾರೂ ನೋಡಲ್ಲ, ನಿನ್ನೇ ನೋಡ್ತಾರೆ" ಅಂತ ಕಳಿಸಿದರು.

ಆ ಒಬ್ಬಟ್ಟು ನನಗೆ ಸಿಕ್ಕಿದ್ದು ಮರುದಿನ ಮೂರು ಗಂಟೆ ಹತ್ತು ನಿಮಿಷಕ್ಕೆ. ಮುಹೂರ್ತ ಹತ್ತಕ್ಕೇ ಮುಗಿದಿತ್ತು. ಆಮೇಲೆ ಫೋಟೊ. ಮಂಡ್ಯದವರ ಫೋಟೊ, ಮೈಸೂರಿನವರ ಫೋಟೊ, ಅಪ್ಪನ ಆಫೀಸಿನವರ ಫೋಟೊ, ಯಾರು ಅಂತಲೇ ಗೊತ್ತಿಲ್ಲದವರ ಫೋಟೊ. ವೇದಿಕೆಯ ಮೇಲಕ್ಕೆ ಊಟದ ಮನೆಯ ತುಪ್ಪದ ವಾಸನೆ ಬರುತ್ತಿತ್ತು. ಉಂಡು ಬಂದವರು "ಒಬ್ಬಟ್ಟು ಸೂಪರ್" ಅಂತ ಕಿವಿಯಲ್ಲಿ ಹೇಳಿ ಕವರ್ ಕೊಟ್ಟು ಇಳಿಯುತ್ತಿದ್ದರು. ನನ್ನ ಎಲೆಯ ಮುಂದೆ ಕೂತಾಗ ಒಬ್ಬಟ್ಟು ತಣ್ಣಗಾಗಿ ಅಂಚು ಗಟ್ಟಿಯಾಗಿತ್ತು. ಪಾಯಸ ಕೆನೆ ಕಟ್ಟಿತ್ತು. ಹಪ್ಪಳ ಮೆತ್ತಗೆ. ಬಡಿಸುವ ಹುಡುಗ ತುಪ್ಪದ ಗಿಂಡಿ ಹುಡುಕಿಕೊಂಡು ಹೋದವನು ಬರಲೇ ಇಲ್ಲ. ಅದರ ಮೇಲೆ ಬಾಸಿಂಗ ಕಣ್ಣಿಗೆ ಅಡ್ಡ. ಪಕ್ಕದಲ್ಲಿ ಹೊಸ ಗಂಡ, ಎದುರಿಗೆ ಹೊಸ ನಾದಿನಿ, ಸುತ್ತ ಕ್ಯಾಮೆರಾ. ಸಾರು ಬೇಕು ಅಂತ ಕೇಳೋಕೆ ನನಗೆ ಬಾಯಿ ಬರಲಿಲ್ಲ. ಎರಡು ತುತ್ತು ತಿಂದು ಎದ್ದೆ. ಉಳಿದರ್ಧ ಅಂಕ ಹೋಗಿದ್ದು ಇಲ್ಲಿ.

ಲೆಕ್ಕದ ಜಗಳವನ್ನೂ ಈಗಲೇ ಹೇಳಿ ಮುಗಿಸುತ್ತೇನೆ, ಎಲೆ ಲೆಕ್ಕಕ್ಕೆ ಒಪ್ಪಿಕೊಳ್ಳುವವರಿಗೆ ಉಪಯೋಗಕ್ಕೆ ಬರುತ್ತೆ. ಅಡುಗೆಯವರು ಎಣಿಸುವುದು ಎಲೆಯನ್ನು. ತಂದಿದ್ದೆಷ್ಟು, ಉಳಿದಿದ್ದೆಷ್ಟು, ಕಳೆದರೆ ಉಂಡವರು. ನಮ್ಮ ಚಿಕ್ಕಪ್ಪ ಎಣಿಸಿದ್ದು ತಲೆಯನ್ನು. ಪಂಕ್ತಿ ಕೂತಾಗಲೆಲ್ಲ ಸಾಲು ಎಣಿಸಿ ಚೀಟಿಯಲ್ಲಿ ಗೀಟು ಹಾಕಿಕೊಂಡಿದ್ದರು. ಗುರುವಾರ ಮಧ್ಯಾಹ್ನಕ್ಕೆ ಅಡುಗೆಯವರ ಲೆಕ್ಕ 538, ನಮ್ಮದು 496. ವ್ಯತ್ಯಾಸ 42. ಚಿಕ್ಕಪ್ಪ ಪೊಲೀಸ್ ಧಾಟಿಯಲ್ಲಿ ಶುರು ಮಾಡಿದರು. ಯಜಮಾನರು ದನಿ ಎತ್ತಲಿಲ್ಲ. "ಕೊನೆ ಪಂಕ್ತಿ ಎಣಿಸಿದ್ರಾ?" ಅಂದರು. ಎಣಿಸಿರಲಿಲ್ಲ. ಆ ಹೊತ್ತಿಗೆ ಚಿಕ್ಕಪ್ಪನೂ ಗಸಗಸೆ ಪಾಯಸದ ನಿದ್ದೆಯಲ್ಲಿದ್ದರು. ವಾಲಗದವರು, ಡ್ರೈವರ್‌ಗಳು, ಫೋಟೊದವರು ಸೇರಿ 26 ಜನ. ಮದುಮಕ್ಕಳ ಎಲೆಯೂ ಅದರಲ್ಲೇ. ಇನ್ನುಳಿದ 16 ಹರಿದ ಎಲೆಗಳು, ಒಂದರ ಮೇಲೊಂದು ಹಾಕಿದ್ದು. ಅದನ್ನು ಯಜಮಾನರು ಬಿಟ್ಟುಕೊಟ್ಟರು. ಹರಿದ ಎಲೆ ಯಾರ ಲೆಕ್ಕ ಅಂತ ಅಡ್ವಾನ್ಸ್ ಕೊಡುವ ದಿನವೇ ಮಾತಾಡಿಕೊಳ್ಳಿ. ಎಣಿಸೋಕೆ ಪಾಯಸ ಇಷ್ಟವಿಲ್ಲದವರನ್ನು ನಿಲ್ಲಿಸಿ.

ಶುಕ್ರವಾರ, ಶನಿವಾರ ಮಂಡ್ಯದ ಮನೆಯಲ್ಲಿ ಕಳೆದವು. ಭಾನುವಾರ ಮಧ್ಯಾಹ್ನ ನಾನೂ ನನ್ನ ಗಂಡನೂ ಕಾರಿನಲ್ಲಿ ನಂಜನಗೂಡಿಗೆ ಬಂದೆವು. ಕೈಯಲ್ಲಿ ಹಸಿರು ಬಳೆ ಇನ್ನೂ ಹೊಸದು, ಮುಖದಿಂದ ಅರಿಶಿನ ಪೂರ್ತಿ ಹೋಗಿರಲಿಲ್ಲ. ಛತ್ರದ ಬಾಗಿಲಲ್ಲಿ ಪನ್ನೀರು ಎರಚಲು ನಿಂತ ಹುಡುಗಿ ನನ್ನ ಚಿಕ್ಕಪ್ಪನ ಮಗಳೇ. ಆದರೂ "ಬನ್ನಿ ಬನ್ನಿ" ಅಂತ ನೆಂಟರಿಗೆ ಹೇಳುವಂತೆ ಹೇಳಿ ನಕ್ಕಳು. ಮೂರು ದಿನದ ಹಿಂದೆ ಹೆದರಿಕೊಂಡು ನೋಡುತ್ತಿದ್ದ ಆ ನಾದಿನಿ ಅನ್ನುವ ಪ್ರಾಣಿ ಈಗ ನಾನೇ.

ಅಡುಗೆಮನೆಯಲ್ಲಿ ಅಷ್ಟು ಹೊತ್ತಿಗೆ ಧಾರವಾಡ ಬಂದು ಇಳಿದಿತ್ತು. ಬೀಗರು ರಾತ್ರಿ ರೈಲಿನಲ್ಲಿ ಮೈಸೂರಿಗೆ ಬಂದು, ಅಲ್ಲಿಂದ ವ್ಯಾನಿನಲ್ಲಿ ಬಂದಿದ್ದರು. ಸಾಮಾನಿನಲ್ಲಿ ಮೂರು ರಟ್ಟಿನ ಡಬ್ಬ ಖಡಕ್ ರೊಟ್ಟಿ, ಒಂದು ಚೀಲ ಕುಟ್ಟಿದ ಗೋಧಿ, ಶೇಂಗಾ ಚಟ್ನಿಪುಡಿ, ಗುರೆಳ್ಳು ಚಟ್ನಿಪುಡಿ, ಕೆಂಪು ಖಾರದ ಭರಣಿ, ಮತ್ತೆ ಪೇಡ. ಜೊತೆಗೆ ಬಿಸಿ ರೊಟ್ಟಿ ಬಡಿಯುವುದಕ್ಕೆ ಅಂತ ಇಬ್ಬರು ಹೆಂಗಸರು. ಯಾವ ಅಡುಗೆ ಕಾಂಟ್ರಾಕ್ಟರೂ ತನ್ನ ಅಡುಗೆಮನೆಗೆ ಬೇರೆಯವರನ್ನು ಬಿಟ್ಟುಕೊಳ್ಳುವುದಿಲ್ಲ. ನಮಗೆ ಅದೇ ಭಯವಿತ್ತು. ಯಜಮಾನರು ಕಿಟಕಿ ಪಕ್ಕದ ಎರಡು ಒಲೆ ಖಾಲಿ ಮಾಡಿಸಿ, "ಗಾಳಿ ಬರುತ್ತೆ, ಇಲ್ಲಿ ಕೂತ್ಕೊಳ್ಳಿ" ಅಂದರು. ಆಮೇಲೆ ತಾವೂ ಒಂದು ಮಣೆ ಎಳೆದುಕೊಂಡು ಕೂತರು, ಕಲಿಯೋಕೆ.

ನೋಡುವಂಥದ್ದಿತ್ತು ಅದು. ಕುದಿಯುವ ನೀರು ಹಾಕಿ ಜೋಳದ ಹಿಟ್ಟು ನಾದುತ್ತಾರೆ. ಒಂದು ಉಂಡೆ ತೆಗೆದು ಹಿಟ್ಟಿನ ಮೇಲಿಟ್ಟು ಅಂಗೈಯಲ್ಲಿ ಬಡಿಯುತ್ತಾರೆ. ಬಡಿತಕ್ಕೆ ರೊಟ್ಟಿ ತಾನೇ ತಿರುಗುತ್ತಾ ಅಗಲವಾಗುತ್ತದೆ. ಟಪ್ ಟಪ್ ಟಪ್, ಇಬ್ಬರದೂ ಒಂದೇ ತಾಳ. ಹಂಚಿನ ಮೇಲೆ ಹಾಕಿ, ಮೇಲ್ಗಡೆಗೆ ಒದ್ದೆ ಬಟ್ಟೆಯಲ್ಲಿ ನೀರು ಸವರಿ, ತಿರುವಿ, ಬೆಂಕಿಗೆ ತೋರಿಸಿದರೆ ಚೆಂಡಿನಂತೆ ಉಬ್ಬುತ್ತದೆ. ಯಜಮಾನರು ಬಡಿದ ಮೊದಲ ರೊಟ್ಟಿ ಮೈಸೂರು ಜಿಲ್ಲೆಯ ನಕ್ಷೆ ಥರ ಬಂತು. ಎರಡನೆಯದು ಎತ್ತುವಾಗಲೇ ಹರಿಯಿತು. ಮೂವತ್ತು ವರ್ಷ ಸೌಟು ಹಿಡಿದವರು, ಹುಡುಗರ ಮುಂದೆ ಹಾಗೆ ಕೂತು ನಗಿಸಿಕೊಂಡರು. "ಕೈ ಹಗುರ ಇರ್ಬೇಕ್ರಿ ಯಜಮಾನ್ರ, ನೀವು ಅದನ್ನ ಹೊಡ್ಯಾಕತ್ತೀರಿ" ಅಂದರು ಆ ಅಕ್ಕ.

ಸಿಹಿಗೆ ಏನು ಅನ್ನುವ ಚರ್ಚೆ ಒಂದು ತಿಂಗಳು ನಡೆದಿತ್ತು. ಹೋಳಿಗೆ ಅಂದರೆ ನಮ್ಮವರು ತೊಗರಿಬೇಳೆ ಅಂದರು, ಅವರು ಕಡಲೆಬೇಳೆ ಅಂದರು. ಅಣ್ಣ ಮಧ್ಯೆ ಸಿಕ್ಕಿಕೊಂಡು ಒದ್ದಾಡಿದ. ಕೊನೆಗೆ ಅತ್ತಿಗೆಯೇ ಫೋನಿನಲ್ಲಿ "ಬ್ಯಾಳಿ ಜಗಳಾ ಬ್ಯಾಡ, ಹುಗ್ಗಿ ಮಾಡಸ್ರಿ" ಅಂದರಂತೆ. ಗೋಧಿ ಹುಗ್ಗಿ ಅಂದರೆ ಗೊತ್ತಿಲ್ಲದವರಿಗೆ: ಗೋಧಿಯನ್ನು ನೆನೆಸಿ ಕುಟ್ಟಿ ಹೊಟ್ಟು ತೆಗೆದು, ಮೆತ್ತಗೆ ಬೇಯಿಸಿ, ಬೆಲ್ಲ, ಏಲಕ್ಕಿ, ಕೊಬ್ಬರಿ ಹಾಕುತ್ತಾರೆ. ಮೇಲೆ ತುಪ್ಪ, ಬೇಕಾದರೆ ಹಾಲು. ನಮ್ಮ ಪಾಯಸದಂತೆ ಕುಡಿಯುವುದಕ್ಕಾಗುವುದಿಲ್ಲ, ಉಣ್ಣಬೇಕು. ಯಜಮಾನರು ಮೊದಲ ಸಲ ಮಾಡಿದ್ದು, ಆ ಅಕ್ಕಂದಿರು ಪಕ್ಕದಲ್ಲಿ ನಿಂತಿದ್ದರು. ಗೋಧಿ ಇನ್ನೊಂದು ಹತ್ತು ನಿಮಿಷ ಬೇಯಬಹುದಿತ್ತು ಅಂತ ನನಗನ್ನಿಸಿತು. ಧಾರವಾಡದವರು ಮಾತ್ರ "ಭಾಳ ಚಲೋ ಆಗೇತ್ರಿ" ಅಂದರು. ಮರ್ಯಾದೆಗೆ ಹೇಳಿದರೋ ನಿಜವೋ, ಎರಡನೇ ಸಲ ಹಾಕಿಸಿಕೊಂಡಿದ್ದಂತೂ ನಿಜ.

ಬಡಿಸುವ ಕ್ರಮದಲ್ಲಿ ಗಲಿಬಿಲಿಯಾಯಿತು. ಅವರಿಗೆ ಮೊದಲು ರೊಟ್ಟಿ, ಎಣ್ಣೆಗಾಯಿ, ಮಡಿಕೆಕಾಳು, ಹುಗ್ಗಿ, ಕೊನೆಗೆ ಅನ್ನ. ನಮ್ಮವರಿಗೆ ಎಲೆಯಲ್ಲಿ ಅನ್ನ ಕಾಣಿಸದಿದ್ದರೆ ಊಟ ಶುರುವಾದಂತೆ ಅನ್ನಿಸುವುದಿಲ್ಲ. ಮೊದಲ ಪಂಕ್ತಿಯಲ್ಲಿ ಹುಡುಗರು ಒಂದು ಸಾಲಿಗೆ ರೊಟ್ಟಿ, ಎದುರು ಸಾಲಿಗೆ ಅನ್ನ ಹಾಕಿಬಿಟ್ಟರು. ಅರ್ಧ ಗಂಟೆ ಎರಡೂ ಕಡೆಯವರು ಒಬ್ಬರ ಎಲೆಯನ್ನೊಬ್ಬರು ನೋಡುತ್ತ ಕೂತರು. ಹೊಸ ಅಳಿಯ ಅಂತ ನನ್ನ ಗಂಡನನ್ನು ಬೀಗರ ಪಕ್ಕದಲ್ಲೇ ಕೂರಿಸಿದ್ದರು. ಖಡಕ್ ರೊಟ್ಟಿ ಹೇಗೆ ತಿನ್ನುವುದು ಅಂತ ಗೊತ್ತಿಲ್ಲದೆ ಹಪ್ಪಳದಂತೆ ಗುದ್ದಿದರು. ಆ ಸದ್ದಿಗೆ ಸಾಲು ಸಾಲೇ ತಿರುಗಿತು. ನಮ್ಮ ಹುಳಿಗೆ ಧಾರವಾಡದ ಮಾಮಾ ಒಬ್ಬರು "ಇದಕ್ಕ ಬೆಲ್ಲ ಹಾಕೀರೇನ್ರಿ?" ಅಂತ ಕೇಳಿದ್ದು, ಎಣ್ಣೆಗಾಯಿ ತಿಂದ ನಮ್ಮ ಚಿಕ್ಕಪ್ಪ ಮೂರು ಲೋಟ ಮಜ್ಜಿಗೆ ಕುಡಿದಿದ್ದು, ಎರಡೂ ಸಮಸಮ.

ಅಪ್ಪನನ್ನು ನಾನು ಆ ದಿನ ಜಾಸ್ತಿ ಗಮನಿಸಿದೆ. ಗುರುವಾರ ಊಟದ ಮನೆ ಬಾಗಿಲಲ್ಲಿ ಹೆಗಲ ಮೇಲೆ ಟವೆಲ್ ಹಾಕಿಕೊಂಡು, ಕೈ ಜೋಡಿಸಿ ಎರಡು ಗಂಟೆ ನಿಂತಿದ್ದರು. ಸೋಮವಾರ ಅದೇ ಬಾಗಿಲಲ್ಲಿ ಅತ್ತಿಗೆಯ ಅಪ್ಪ ನಿಂತಿದ್ದರು, ಅದೇ ಥರ ಕೈ ಜೋಡಿಸಿ. ನಮ್ಮಪ್ಪನನ್ನು ಮೊದಲ ಪಂಕ್ತಿಯಲ್ಲಿ ಕೂರಿಸಿದ್ದಾರೆ. ಅಪ್ಪ ಪಲ್ಯ ಬೀಳುವ ಮುಂಚೆಯೇ ಎದ್ದು ಹೋಗಿ ಬೀಗರ ಪಕ್ಕದಲ್ಲಿ ನಿಂತರು. "ನೀವು ಉಣ್ರಿ ಬೀಗ್ರ" ಅಂತ ಅವರು, "ನೀವು ಬಂದ್ರೆ ಕೂತ್ಕೋತೀನಿ" ಅಂತ ಇವರು. ಕೊನೆಗೆ ಇಬ್ಬರೂ ಯಾವ ಪಂಕ್ತಿಯಲ್ಲಿ ಉಂಡರೋ ನನಗೆ ಗೊತ್ತಾಗಲಿಲ್ಲ, ನಾನು ಆಗ ಅಡುಗೆಮನೆಯಲ್ಲಿದ್ದೆ.

ಭಾನುವಾರ ರಾತ್ರಿಯೇ ಯಜಮಾನರಿಗೆ ಗುರುವಾರದ ನನ್ನ ಎಲೆಯ ಕಥೆ ಹೇಳಿದ್ದೆ. ಬೈಯುವ ಹಾಗೆ ಹೇಳಲಿಲ್ಲ, ಬೇಜಾರಿನಲ್ಲಿ ಹೇಳಿದೆ. ಅವರು ನೆಪ ಹೇಳಲಿಲ್ಲ. "ಮದುಮಕ್ಕಳು ಯಾವಾಗ ಬರ್ತಾರೆ ಅಂತ ನಂಗೆ ಯಾರು ಹೇಳ್ತಾರೆ ಕಣವ್ವ? ಫೋಟೊದವನು ಬಿಟ್ಟಾಗ ಬರ್ತಾರೆ. ಅವನಿಗೆ ಯಾರಾದ್ರೂ ಹೇಳ್ಬೇಕು" ಅಂದರು. ಯೋಚಿಸಿದರೆ ಅದು ನಿಜ. ಐನೂರು ಜನಕ್ಕೆ ಬಿಸಿ ಊಟ ಹಾಕುವವರಿಗೆ ಒಂದು ಎಲೆ ಬಿಸಿಯಾಗಿ ಕೊಡುವುದು ಕಷ್ಟವಲ್ಲ, ಯಾವಾಗ ಅಂತ ಗೊತ್ತಿರಬೇಕು ಅಷ್ಟೇ.

ಗುರುವಾರ ನನಗೆ ಬಾಯಿ ಇರಲಿಲ್ಲ. ಸೋಮವಾರ ನಾನು ಗಂಡಿನ ತಂಗಿ. ಬೀಗರು ಕೊಟ್ಟ ಇಳಕಲ್ ಸೀರೆ ಉಟ್ಟಿದ್ದೆ, ಕೆಂಪು ಟೋಪ್ ತೆನಿ ಸೆರಗಿನದು. ಆ ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಹನ್ನೆರಡೂವರೆಗೆ ವೇದಿಕೆ ಹತ್ತಿದೆ. ಫೋಟೊದವನಿಗೆ "ಅರ್ಧ ಗಂಟೆ ಕ್ಯಾಮೆರಾ ಕೆಳಗಿಡಿ" ಅಂದೆ. ಅವನು ಅಣ್ಣನ ಮುಖ ನೋಡಿದ. ಅಣ್ಣ ನನ್ನ ಮುಖ ನೋಡಿ, "ಅವಳು ಹೇಳಿದಂಗೆ ಮಾಡಪ್ಪ" ಅಂದ. ಕವರ್ ಹಿಡಿದು ಸಾಲಿನಲ್ಲಿ ನಿಂತಿದ್ದವರಿಗೆ ಸಿಟ್ಟು ಬಂದಿರಬಹುದು. ಬರಲಿ. ಅಣ್ಣನನ್ನು ಅವನ ಗೆಳೆಯರ ಜೊತೆ ಪಂಕ್ತಿಗೆ ಕಳಿಸಿದೆ. ಅತ್ತಿಗೆಯನ್ನು ಮೇಲಿನ ಕೋಣೆಗೆ ಕರೆದುಕೊಂಡು ಹೋದೆ. ಅದೇ ಕೋಣೆ, ಅದೇ ನಲ್ಲಿ.

ಯಜಮಾನರು ಹೇಳಿದ್ದನ್ನು ಹೇಳಿದ ಹೊತ್ತಿಗೇ ಕಳಿಸಿದರು. ಹುಡುಗನೊಬ್ಬ ದೊಡ್ಡ ಸ್ಟೀಲ್ ತಟ್ಟೆ ಹಿಡಿದು ಮೆಟ್ಟಿಲು ಓಡಿ ಬಂದ. ಉಬ್ಬು ಇಳಿಯದ ರೊಟ್ಟಿ ಮೂರು, ಮೇಲೆ ಬೆಣ್ಣೆ ಕರಗುತ್ತಿತ್ತು. ಎಣ್ಣೆಗಾಯಿ, ಮೊಸರು, ಒಂದು ಬಟ್ಟಲು ಹುಗ್ಗಿ, ತುಪ್ಪದ ಗಿಂಡಿ ಬೇರೆ. ಜೊತೆಗೆ ಗಟ್ಟಿ ಕಾಫಿಯ ಒಂದು ಲೋಟ. ಅದನ್ನು ನಾನು ಕೇಳಿರಲಿಲ್ಲ.

ಅತ್ತಿಗೆಯ ಬಾಸಿಂಗ ಬಿಚ್ಚಿ ಪಕ್ಕಕ್ಕಿಟ್ಟೆ. ಮೊಣಕೈವರೆಗೆ ಬಳೆ, ರೊಟ್ಟಿ ಮುರಿದರೆ ಬಳೆಯೆಲ್ಲ ಎಣ್ಣೆಗಾಯಿಗೆ ಬೀಳುತ್ತಿದ್ದವು. ನಾನೇ ಮುರಿದು ಕೊಟ್ಟೆ. ಮೊದಲ ರೊಟ್ಟಿ ಮಾತಿಲ್ಲದೆ ಮುಗಿಯಿತು. ಎರಡನೆಯದರ ಅರ್ಧಕ್ಕೆ ತಲೆ ಎತ್ತಿ, "ನೀವೂ ಉಣ್ರಿ. ಮುಂಜಾನಿಂದ ನೋಡಾಕತ್ತೀನಿ, ನೀವೂ ಏನೂ ತಿಂದಿಲ್ಲ" ಅಂದರು. ಒಂದೇ ತಟ್ಟೆಯಲ್ಲಿ ಕೂತೆವು. ಹುಗ್ಗಿಯ ಗೋಧಿ ನಿಜಕ್ಕೂ ಇನ್ನೊಂದು ಸ್ವಲ್ಪ ಬೇಯಬೇಕಿತ್ತು, ಅತ್ತಿಗೆಯೂ ಅದನ್ನೇ ಹೇಳಿದರು. "ಕೆಳಗ ಹೇಳಬ್ಯಾಡ್ರಿ ಮತ್ತ."

ತಟ್ಟೆ ವಾಪಸ್ ಒಯ್ಯಲು ಬಂದ ಹುಡುಗ ಬಾಗಿಲಲ್ಲೇ ನಿಂತ. ಕೈಯಲ್ಲಿ ಚೀಟಿ ಇತ್ತು, ಸೋಮವಾರ ಲೆಕ್ಕಕ್ಕೆ ಅವರ ಕಡೆಯಿಂದ ಅವನನ್ನೇ ನಿಲ್ಲಿಸಿದ್ದರು. ಇದನ್ನು ಎರಡು ಊಟ ಅಂತ ಬರೆದುಕೊಳ್ಳಲಾ ಅಂತ ಕೇಳಿದ. ಯಜಮಾನರನ್ನೇ ಕೇಳು ಅಂದೆ. ಅವನು ಮೆಟ್ಟಿಲ ಕಟಾಂಜನದ ಮೇಲಿಂದ ಬಗ್ಗಿ ಕೂಗಿ ಕೇಳಿದ. ಕೆಳಗಿನಿಂದ ಉತ್ತರ ಬಂತು.

"ಎಲೆ ಹಾಕಿದ್ದೀಯೇನ್ಲಾ? ತಟ್ಟೆ ಲೆಕ್ಕಕ್ಕಿಲ್ಲ, ಬಾ ಕೆಳಗೆ."